ಛಾಯಣ್ಣನ ನೀಲಿ

ಪ್ರಶಸ್ತಿ ಸಮಾರಂಭದ ಬಾಗಿಲಲ್ಲಿ ಛಾಯಣ್ಣ ಕೈಕುಲುಕಿದ್ದು ಚಾನೆಲ್ ಮುಖ್ಯಸ್ಥನ ಕೈಯನ್ನಲ್ಲ, ಮುಖ್ಯಸ್ಥನ ರಟ್ಟಿನ ಕಟೌಟ್‌ನ ಕೈಯನ್ನು. ಬಂದವರು ಪಕ್ಕದಲ್ಲಿ ನಿಂತು ಫೋಟೊ ತೆಗೆಸಿಕೊಳ್ಳಲಿ ಎಂದು ಆಳೆತ್ತರದ ಕಟೌಟೊಂದನ್ನು ಕೈಚಾಚಿದ ಭಂಗಿಯಲ್ಲಿ ನಿಲ್ಲಿಸಿದ್ದರು. ಛಾಯಣ್ಣ ಆ ಕೈ ಹಿಡಿದು, "ಸಾರ್, ಸ್ವಲ್ಪ ಸೊರಗಿದೀರಿ" ಎಂದ. ಉತ್ತರ ಬರಲಿಲ್ಲ. ಇನ್ನಷ್ಟು ಬಗ್ಗಿ, "ಮನೇಲಿ ಎಲ್ಲ ಆರಾಮಾ?" ಎಂದ.

ಹೆಂಡತಿ ಮೊಣಕೈ ಹಿಡಿದು ಎಳೆದಳು. "ಬನ್ನಿ ಸಾಕು, ಅವರು ಮಾತಾಡಲ್ಲ."

"ಯಾಕೆ, ನನ್ನ ಮೇಲೆ ಕೋಪಾನಾ?"

"ರಟ್ಟು ರೀ ಅದು!"

ಛಾಯಣ್ಣ ಒಂದು ಕ್ಷಣ ನಿಂತು ನೋಡಿದ. "ಚಾನೆಲ್‌ನವರು ನಿಜವಾಗಿ ಸಿಕ್ಕರೂ ಇಷ್ಟೇ ಮಾತಾಡೋದು" ಎಂದು ಮರ್ಯಾದೆ ಉಳಿಸಿಕೊಂಡು ಒಳಗೆ ಹೋದ. ಆದರೆ ಹೆಂಡತಿ ಅವತ್ತೇ ಮನಸ್ಸಿನಲ್ಲಿ ಏನೋ ಗಂಟು ಹಾಕಿಕೊಂಡಳು.

ಛಾಯಣ್ಣ ಎಂಬುದು ಅವನಿಗೆ ಸೆಟ್ಟಿನವರು ಇಟ್ಟ ಹೆಸರು. ಛಾಯಾಗ್ರಾಹಕ ಎಂದು ಪೂರ್ತಿ ಕರೆಯಲು ಯಾರಿಗೂ ಪುರುಸೊತ್ತಿರಲಿಲ್ಲ. ಅವನು ಈ ಕಸುಬಿಗೆ ಬಂದಾಗ ಸಿನಿಮಾ ಎನ್ನುವುದು ಡಬ್ಬಿಯೊಳಗೆ ಸುರುಳಿ ಸುತ್ತಿಕೊಂಡ ಪದಾರ್ಥವಾಗಿತ್ತು. ತೆಗೆದ ಚಿತ್ರ ಹೇಗೆ ಬಂದಿದೆ ಎಂದು ಲ್ಯಾಬಿನಿಂದ ಪ್ರಿಂಟ್ ಬರುವ ತನಕ ದೇವರಿಗೂ ಗೊತ್ತಾಗುತ್ತಿರಲಿಲ್ಲ. ಶಾಟ್ ಮುಗಿದ ತಕ್ಷಣ ನಿರ್ದೇಶಕ, ನಿರ್ಮಾಪಕ, ನಾಯಕ, ಅವನ ಅಪ್ಪ ಎಲ್ಲರೂ ಕ್ಯಾಮೆರಾಮನ್ ಕಡೆ ತಿರುಗಿ, "ಬಂತಾ?" ಎಂದು ಕೇಳುತ್ತಿದ್ದರು. ಛಾಯಣ್ಣ ಕಣ್ಣು ಮುಚ್ಚಿ, ನಿಧಾನವಾಗಿ ತಲೆಯಾಡಿಸುತ್ತಿದ್ದ. ಅವನ ಯೌವನದ ವೈಭವವೆಲ್ಲ ಆ ತಲೆಯಾಟದಲ್ಲಿತ್ತು. ಬಂದಿದೆಯೋ ಇಲ್ಲವೋ ಅವನಿಗೂ ಖಾತ್ರಿ ಇರುತ್ತಿರಲಿಲ್ಲ ಎನ್ನುವುದು ಬೇರೆ ಮಾತು.

ಆಮೇಲೆ ಮಾನಿಟರ್ ಬಂತು. ತೆಗೆದದ್ದು ತೆಗೆಯುತ್ತಿರುವಾಗಲೇ ಕಾಣತೊಡಗಿತು. ಟೀ ತಂದುಕೊಡುವವನೂ ಲೋಟ ಕೆಳಗಿಟ್ಟು, "ಸ್ವಲ್ಪ ಡಾರ್ಕ್ ಆಯ್ತಲ್ವಾ ಸಾರ್?" ಎನ್ನುವ ಕಾಲ ಬಂತು. ಛಾಯಣ್ಣ ಹೊಡೆದಾಟದ ಸಿನಿಮಾಗಳಿಗೆ ಕೆಲಸ ಮಾಡಿದ, ಅಳುವ ಸಿನಿಮಾಗಳಿಗೆ ಮಾಡಿದ, ಪ್ರಶಸ್ತಿಗೆಂದೇ ತೆಗೆದ ಒಂದು ಸಿನಿಮಾದಲ್ಲಿ ಒಬ್ಬ ಮುದುಕ ಬಾವಿ ನೋಡುತ್ತಾ ಕೂತದ್ದನ್ನು ಒಂದಿಡೀ ಬೇಸಿಗೆ ಚಿತ್ರೀಕರಿಸಿದ. ಕೊನೆಗೆ ಸಿನಿಮಾದವರು ಫೋನ್ ಮಾಡುವುದನ್ನು ನಿಲ್ಲಿಸಿದಾಗ ಟೀವಿ ಸೀರಿಯಲ್ಲಿಗೆ ಬಂದ. ಅಲ್ಲಿ ಒಂದು ಮನೆಯ ಸೆಟ್ಟು, ಒಂದು ದೊಡ್ಡ ಮೆಟ್ಟಿಲು, ಮುಗಿಯದ ಒಂದು ಜಗಳ. ಯಾರಾದರೂ ಸತ್ಯ ಹೇಳಿದರೆ ಮನೆಯವರ ಮುಖವನ್ನೆಲ್ಲ ಒಂದೊಂದಾಗಿ ತೋರಿಸಬೇಕು. ಆ ಮನೆಯಲ್ಲಿ ಜನ ಬಹಳ, ಸತ್ಯ ಕಡಿಮೆ. ಹೀಗೆ ವರ್ಷಗಳು ಉರುಳಿದವು.

ಆ ಸೀರಿಯಲ್ಲಿನ ಅತ್ತೆ ರಾಣಿಯಮ್ಮ. ಅದೂ ಸೆಟ್ಟಿನವರದೇ ನಾಮಕರಣ, ಆದರೆ ಎದುರಿಗೆ ಕರೆಯುವಂಥದ್ದಲ್ಲ. ಎದುರಿಗೆ ಮೇಡಂ. ಒಂದು ಕಾಲದಲ್ಲಿ ಅವಳು ನಾಯಕಿ, ಊರಿನ ಗೋಡೆಗಳ ಮೇಲೆಲ್ಲ ಅವಳದೇ ಮುಖ. ಅವಳ ಮೊದಲ ಸಿನಿಮಾಕ್ಕೆ ಕ್ಯಾಮೆರಾ ಹಿಡಿದವನೂ ಛಾಯಣ್ಣನೇ. ಮೊದಲ ದಿನ ಅವಳನ್ನು ದೀಪದ ಕೆಳಗೆ ಕೂರಿಸಿ, ಸುತ್ತ ಎರಡು ಪ್ರದಕ್ಷಿಣೆ ಹಾಕಿ, "ಎಡಗಡೆ ಚೆನ್ನಾಗಿದೆ" ಎಂದಿದ್ದ. ಅವಳು ಅದನ್ನು ವೇದವಾಕ್ಯ ಮಾಡಿಕೊಂಡಳು. ಅಂದಿನಿಂದ ಅವಳ ಬಲಗೆನ್ನೆಯನ್ನು ಕಂಡ ಪ್ರೇಕ್ಷಕನಿಲ್ಲ. ಅವಳಿಗಾಗಿ ಸೆಟ್ಟಿನ ಬಾಗಿಲುಗಳನ್ನು ಬಲಕ್ಕೆ ಕಟ್ಟುತ್ತಿದ್ದರು, ನಾಯಕರು ಬೇಕಿರಲಿ ಬೇಡದಿರಲಿ ಎಡಕ್ಕೇ ನಿಲ್ಲಬೇಕಿತ್ತು. ಒಬ್ಬ ನಾಯಕನಿಗೂ ಎಡಗಡೆಯೇ ಚೆನ್ನಾಗಿತ್ತು. ಅವರಿಬ್ಬರ ಪ್ರೇಮದ ದೃಶ್ಯದಲ್ಲಿ ಒಬ್ಬರ ಬೆನ್ನು ನೋಡುತ್ತಾ ಒಬ್ಬರು ಹಾಡಿದರು. ಜನ ಅದನ್ನೂ ವಿರಹ ಎಂದುಕೊಂಡು ನೋಡಿದರು.

ಪ್ರಶಸ್ತಿ ಬಂದದ್ದು ಸೀರಿಯಲ್ಲಿನ ನೀಲಿಗೆ. ಕೆಲವು ವರ್ಷಗಳಿಂದ ಸೀರಿಯಲ್ ಮೆಲ್ಲಗೆ ನೀಲಿಯಾಗುತ್ತಾ ಬಂದಿತ್ತು. ಗೋಡೆ ನೀಲಿ, ಹಾಲು ನೀಲಿ, ಮದುವೆಯ ಹೂವು ನೀಲಿ. ಸೊಸೆಗೆ ಮಗು ಹುಟ್ಟಿದ ದಿನ ಒಬ್ಬ ವೀಕ್ಷಕಿ ಚಾನೆಲ್ಲಿಗೆ ಫೋನ್ ಮಾಡಿ, "ಮಗು ಉಸಿರಾಡ್ತಿದೆಯಾ, ಯಾರಾದ್ರೂ ನೋಡಿ" ಎಂದು ಅತ್ತಿದ್ದಳು. ಆದರೆ ಪ್ರಶಸ್ತಿ ಸಮಿತಿಯವರು 'ಕುಟುಂಬದೊಳಗಿನ ಶೈತ್ಯವನ್ನು ನೀಲಿಯ ಮೂಲಕ ನುಡಿಸಿದ ದಾರ್ಶನಿಕ' ಎಂದು ಫಲಕದಲ್ಲಿ ಕೆತ್ತಿಸಿದ್ದರು. ವೇದಿಕೆಯ ಮೇಲೆ ಅದನ್ನು ಓದಿದಾಗ ಛಾಯಣ್ಣನಿಗೆ ಯಾವ ನೀಲಿ ಎಂದು ಅರ್ಥವಾಗಲಿಲ್ಲ. ಪ್ರಶಸ್ತಿ ಕೊಡುವವರು ಏನಾದರೂ ಹೇಳಲೇಬೇಕಲ್ಲ ಎಂದುಕೊಂಡು, "ಬೆಳಕೇ ನನ್ನ ಗುರು" ಎಂದು ಎರಡು ಮಾತಾಡಿ, ಇಳಿಯುವಾಗ ಮೆಟ್ಟಿಲು ಇಲ್ಲದ ಕಡೆ ಕಾಲಿಟ್ಟ. ನಿರೂಪಕಿ ಹಿಡಿದುಕೊಂಡಳು.

ಮರುದಿನ ಹೆಂಡತಿ, "ನನ್ನ ಕಣ್ಣು ಯಾಕೋ ಮಂಜು, ಡಾಕ್ಟರ್ ಹತ್ರ ಜೊತೆಗೆ ಬನ್ನಿ" ಎಂದಳು. ಛಾಯಣ್ಣ ದೊಡ್ಡ ಉಪಕಾರ ಮಾಡುವವನ ಹಾಗೆ ಹೊರಟ. ಆಸ್ಪತ್ರೆಯಲ್ಲಿ ಅವನ ಹೆಸರನ್ನೇ ಕೂಗಿದಾಗ, "ತಪ್ಪು ಬರೆದಿದ್ದಾರೆ ನೋಡು" ಎಂದ.

"ಹೋಗಿ ಕೂತ್ಕೊಳ್ಳಿ ಸುಮ್ನೆ. ಕುರ್ಚಿ ಮೆತ್ತಗಿದೆ" ಎಂದು ಹೆಂಡತಿ ತಳ್ಳಿದಳು.

ಡಾಕ್ಟರು ದಪ್ಪ ಕನ್ನಡಕದ, ಮುಲಾಜಿಲ್ಲದ ಹೆಂಗಸು. ಯಂತ್ರದಲ್ಲಿ ಅವನ ಕಣ್ಣನ್ನು ನೋಡಿ ಶಿಳ್ಳೆ ಹೊಡೆದಳು.

"ನೀವು ಏನು ಕೆಲಸ ಮಾಡೋದು?"

"ಛಾಯಾಗ್ರಾಹಕ. ಕ್ಯಾಮೆರಾ."

ಡಾಕ್ಟರು ಹೆಂಡತಿಯ ಕಡೆ ತಿರುಗಿದಳು. "ನಿಜವಾಗ್ಲೂನಾ?" ಹೆಂಡತಿ ಸೀರಿಯಲ್ಲಿನ ಹೆಸರು ಹೇಳಿದಳು. ಡಾಕ್ಟರು ಮೇಜು ತಟ್ಟಿದಳು. "ಅಯ್ಯೋ, ಆ ನೀಲಿ ಸೀರಿಯಲ್ಲಾ? ನಮ್ಮತ್ತೆ ನೋಡ್ತಾರೆ. ನಾನು ಅವತ್ತೇ ಹೇಳ್ದೆ, ಇದನ್ನ ತೆಗೀತಿರೋನಿಗೆ ಎರಡೂ ಕಣ್ಣಲ್ಲಿ ಪೊರೆ ಇದೆ ಅಂತ. ತಮಾಷೆಗೆ ಹೇಳಿದ್ದೆ ಕಣ್ರೀ!"

ಆಮೇಲೆ ಬಿಡಿಸಿ ಹೇಳಿದಳು. ಪೊರೆ ಬಲಿತು ಹಳದಿಯಾಗಿದೆ. ಲೋಕವನ್ನು ಅವನು ಇಷ್ಟು ದಿನ ಹಳೆಯ ಹಳದಿ ಗಾಜಿನ ಹಿಂದಿನಿಂದ ನೋಡುತ್ತಿದ್ದಾನೆ, ಅದೂ ನಿಧಾನಕ್ಕೆ ಬಂದದ್ದರಿಂದ ಗೊತ್ತೇ ಆಗಿಲ್ಲ. ಛಾಯಣ್ಣನಿಗೆ ಒಂದೊಂದೇ ನೆನಪಾಯಿತು. ಮಾನಿಟರ್ ಹಳದಿ ಹೊಡೆಯುತ್ತಿದೆ ಎಂದು ಎಷ್ಟು ಸಲ ಬೈದಿದ್ದ. ಬೆಳಕು ಸಾಲದು ಎಂದು ದೀಪದ ಮೇಲೆ ದೀಪ ಹಾಕಿಸಿದ್ದ. ಬೆಳಕು ಅಳೆಯುವ ಮೀಟರ್ ಬೇಕಾದಷ್ಟಿದೆ ಎಂದು ತೋರಿಸಿದಾಗ ಮೀಟರೇ ಕೆಟ್ಟಿದೆ ಎಂದು ಎಸೆದು ಹೊಸತು ತಂದಿದ್ದ. ಹೊಸತೂ ಹಾಗೇ ತೋರಿಸಿದಾಗ, ಈಗಿನ ಮಾಲೇ ಸರಿಯಿಲ್ಲ ಎಂದಿದ್ದ.

ಮೊದಲು ಬಲಗಣ್ಣಿಗೆ ಆಪರೇಷನ್ ಆಯಿತು. ಪಟ್ಟಿ ಬಿಚ್ಚಿದ ಬೆಳಿಗ್ಗೆ ನಡುಮನೆಯಲ್ಲಿ ಕೂತು ಸುತ್ತ ನೋಡಿದ. ಕಿಟಕಿಯ ಪರದೆಗಳು ಹಸಿರಾಗಿದ್ದವು. ಅವನು ಅವನ್ನು ಇಷ್ಟು ದಿನ ಕೊಳೆ ಎಂದುಕೊಂಡಿದ್ದ. ಹೆಂಡತಿ ಕಾಫಿ ತಂದು ಎದುರಿಗೆ ನಿಂತಳು. ಛಾಯಣ್ಣ ನೋಡಿಯೇ ನೋಡಿದ.

"ಏನು ಹಾಗೆ ನೋಡ್ತೀರಿ?"

"ನಿನ್ನ ಕೂದಲು ಯಾವಾಗ ಬೆಳ್ಳಗಾಯ್ತು?"

"ನೀವು ಸೀರಿಯಲ್ಲಿಗೆ ಹೋದ ಮೇಲೆ."

"ಪೂರ್ತಿ?"

ಹೆಂಡತಿ ಕಾಫಿ ಲೋಟವನ್ನು ಹಾಗೇ ವಾಪಸ್ ತಗೊಂಡು ಒಳಗೆ ಹೋದಳು. ಅವತ್ತು ಮಧ್ಯಾಹ್ನದ ತನಕ ಆ ಮನೆಯಲ್ಲಿ ಕಾಫಿ ಎನ್ನುವ ವಸ್ತು ಇರಲಿಲ್ಲ.

ಸಂಜೆ ಸೀರಿಯಲ್ ಹಾಕಿದರು. ಛಾಯಣ್ಣ ಬೆಚ್ಚಿಬಿದ್ದ. ಪರದೆಯ ಮೇಲೆ ಒಂದು ದೊಡ್ಡ ಕುಟುಂಬ, ಎಲ್ಲರೂ ನೀರಿನಲ್ಲಿ ಮುಳುಗಿ ಸತ್ತು ಆಗಷ್ಟೇ ಮೇಲಕ್ಕೆ ತೆಗೆದವರ ಹಾಗಿದ್ದರು. ಸತ್ತವರೆಲ್ಲ ಸೇರಿ ಒಬ್ಬಳ ಹುಟ್ಟುಹಬ್ಬ ಮಾಡುತ್ತಿದ್ದರು. ಆಪರೇಷನ್ ಆದ ಹೊಸದರಲ್ಲಿ ಲೋಕ ಸ್ವಲ್ಪ ನೀಲಿ ಕಾಣಬಹುದು ಎಂದು ಡಾಕ್ಟರು ಹೇಳಿದ್ದು ನೆನಪಾಯಿತು. ಸಮಾಧಾನ ಮಾಡಿಕೊಂಡು ಸುದ್ದಿ ಚಾನೆಲ್ ಹಾಕಿದ. ಸುದ್ದಿ ಓದುವವನು ಮನುಷ್ಯನ ಬಣ್ಣದಲ್ಲೇ ಇದ್ದ. ಮತ್ತೆ ಸೀರಿಯಲ್ ಹಾಕಿದ. ಹೊಸ ಕಣ್ಣು ಮುಚ್ಚಿ ಹಳೆಯ ಕಣ್ಣಿನಲ್ಲಿ ನೋಡಿದ. ಎಲ್ಲ ಸರಿಯಾಗಿತ್ತು, ಮನೆ ಬೆಚ್ಚಗಿತ್ತು, ಕೆನ್ನೆಗಳಲ್ಲಿ ರಕ್ತವಿತ್ತು. ಹಳೆಯದನ್ನು ಮುಚ್ಚಿ ಹೊಸದರಲ್ಲಿ ನೋಡಿದ. ಹೆಣಗಳು ಕೇಕ್ ಕತ್ತರಿಸುತ್ತಿದ್ದವು.

"ನೀನು ಇದನ್ನ ದಿನಾ ನೋಡ್ತಿದ್ಯಲ್ಲ, ಒಂದು ಮಾತು ಹೇಳಬಾರದಾ?" ಎಂದ.

"ಟೀವಿ ಕೆಟ್ಟಿದೆ ಅಂತ ರಿಪೇರಿಯವನನ್ನ ಎಷ್ಟು ಸಲ ಕರೆಸಿದ್ದೀನಿ ಗೊತ್ತಾ? ಅವನು ನಮ್ಮ ಮನೆಯವನೇ ಆಗ್ಹೋಗಿದ್ದಾನೆ. ಆಮೇಲೆ ಪೇಪರಿನಲ್ಲಿ ಕಲೆ ಅಂತ ಬರೆದ್ರು. ಕಲೆ ಅಂದ್ಮೇಲೆ ನಾನು ಯಾಕೆ ಬಾಯಿ ಹಾಕ್ಲಿ?"

ಛಾಯಣ್ಣ ನೇರ ಸ್ಟುಡಿಯೋಗೆ ಹೋಗಿ ಕಲರಿಸ್ಟನ್ನು ಹಿಡಿದ. ತೆಗೆದ ದೃಶ್ಯಗಳ ಬಣ್ಣವನ್ನು ಕಂಪ್ಯೂಟರಿನಲ್ಲಿ ತಿದ್ದುವ ಕೆಲಸ ಆಕೆಯದು. ಕತ್ತಲೆ ಕೋಣೆಯಲ್ಲಿ ಕೂತೂ ಕೂತೂ ಹಗಲಿನಲ್ಲಿ ಕಣ್ಣು ಕಿರಿದು ಮಾಡಿಕೊಂಡೇ ಓಡಾಡುತ್ತಿದ್ದಳು.

"ಅಲ್ಲಮ್ಮಾ, ಇಷ್ಟು ನೀಲಿ ಯಾಕೆ ಹಾಕ್ದೆ?"

"ನೀವೇ ಸರ್! ಪಕ್ಕದಲ್ಲಿ ನಿಂತು ಇನ್ನೂ ಹಾಕು, ಇನ್ನೂ ಹಾಕು ಅಂತಿದ್ರಿ. ಒಂದು ಸಲ ಸಾಕಲ್ವಾ ಸರ್ ಅಂದಿದ್ದಕ್ಕೆ, ನೀನು ಹುಟ್ಟೋಕೆ ಮುಂಚೆ ನಾನು ಕ್ಯಾಮೆರಾ ಹಿಡಿದಿದ್ದೀನಿ ಅಂದ್ರಿ. ಸುಮ್ನಾದೆ."

ನಿರ್ದೇಶಕ, ಇದು ಚಾನೆಲ್‌ನವರು ಹೇಳಿದ್ದಿರಬೇಕು ಎಂದುಕೊಂಡಿದ್ದ. ಚಾನೆಲ್‌ನವರು ನಿರ್ದೇಶಕನ ಆಲೋಚನೆ ಎಂದುಕೊಂಡಿದ್ದರು. ಹೀಗೆ ಎಲ್ಲರೂ ಇನ್ನೊಬ್ಬರ ಬುದ್ಧಿಯನ್ನು ಗೌರವಿಸಿದ್ದರಿಂದ ಒಂದು ಇಡೀ ಕುಟುಂಬ ನೀಲಿಯಾಗಿತ್ತು.

ಛಾಯಣ್ಣ ಸೆಟ್ಟಿಗೆ ಮರಳಿದ ದಿನ ಶೂಟಿಂಗ್ ಶುರುವಾಗಲಿಲ್ಲ. ಸೊಸೆಯನ್ನು ಮನೆಯಿಂದ ಹೊರಗೆ ಹಾಕುವ ದೃಶ್ಯವಿತ್ತು. ಸೊಸೆ ಸೂಟ್‌ಕೇಸ್ ಹಿಡಿದು ಮೆಟ್ಟಿಲ ಕೆಳಗೆ ತಯಾರಾಗಿ ನಿಂತಿದ್ದಳು. ಅವಳಿಗೆ ಅದು ಅಭ್ಯಾಸವಾಗಿತ್ತು, ಆ ಸೂಟ್‌ಕೇಸಿನೊಳಗೆ ಒಂದು ಕಾದಂಬರಿಯನ್ನೂ ಇಟ್ಟುಕೊಂಡಿದ್ದಳು. ಹೊರಗೆ ಹಾಕಬೇಕಾದ ಅತ್ತೆ ಮಾತ್ರ ಬರಲಿಲ್ಲ. ರಾಣಿಯಮ್ಮ ಮೇಕಪ್ ವ್ಯಾನಿನೊಳಗೆ ಚಿಲಕ ಹಾಕಿಕೊಂಡಿದ್ದಳು. ಛಾಯಣ್ಣನಿಗೆ ಹೊಸ ಕಣ್ಣು ಬಂದಿದೆ, ಸೊಳ್ಳೆಯ ರೆಪ್ಪೆಗೂದಲೂ ಕಾಣುತ್ತದಂತೆ ಎಂದು ಯಾರೋ ಅವಳ ಕಿವಿಗೆ ಹಾಕಿದ್ದರು.

ನಿರ್ದೇಶಕ ಓಡಿಬಂದ. ಅವನು ಯಾವಾಗಲೂ ಓಡಿಯೇ ಬರುತ್ತಿದ್ದ, ನಡೆಯುವಷ್ಟು ಸಮಯವನ್ನು ಚಾನೆಲ್ ಅವನಿಗೆ ಕೊಟ್ಟಿರಲಿಲ್ಲ. "ಸಾರ್, ನೀವೇ ಮಾತಾಡಿ. ಮೇಡಂ ಬಾಗಿಲು ತೆಗೀತಿಲ್ಲ."

ಛಾಯಣ್ಣ ವ್ಯಾನಿನ ಬಾಗಿಲು ತಟ್ಟಿದ. "ತಾಯೀ, ನಾನು."

"ಗೊತ್ತು. ಹೋಗಿ."

"ಬಾಗಿಲು ತೆಗೀರಿ, ಸೊಸೆ ಕಾಯ್ತಿದಾಳೆ."

"ಕಾಯ್ಲಿ ಬಿಡಿ, ಇಷ್ಟು ವರ್ಷ ಆ ಮನೇಲಿ ಅವಳು ಇನ್ನೇನು ಮಾಡಿದಾಳೆ?" ಆಮೇಲೆ ಚಿಲಕ ಸರಿಯಿತು. ರಾಣಿಯಮ್ಮ ದೊಡ್ಡ ಕಪ್ಪು ಕನ್ನಡಕ ಹಾಕಿ, ತಲೆಯ ಸುತ್ತ ಟವೆಲ್ ಸುತ್ತಿ, ಕನ್ನಡಿಗೆ ಬೆನ್ನು ಮಾಡಿ ಕೂತಿದ್ದಳು. ವ್ಯಾನಿನ ದೀಪಗಳನ್ನೆಲ್ಲ ಆರಿಸಿದ್ದಳು.

"ಇನ್ನೊಂದು ಕಣ್ಣು ಹಳೇದೇ ಇದೆ ಅಂತಲ್ಲ, ಅದ್ರಲ್ಲೇ ನೋಡಿ ನನ್ನ" ಎಂದಳು.

ಛಾಯಣ್ಣನಿಗೆ ನಗು ಬಂತು. "ಏನು ಹೆದ್ರಿಕೆ ನಿಮ್ಗೆ? ನಾನೇನು ನಿಮ್ಮ ಮುಖ ನೋಡಿಲ್ವಾ?"

"ಈಚೆಗೆ ನೋಡಿಲ್ಲ. ಹೋದ ವರ್ಷ ಒಂದಿನ ನನ್ನ ಮುಖಕ್ಕೆ ಬೆಳಕು ಕಟ್ತೀನಿ ಅಂತ ನನ್ನ ಕುರ್ಚಿ ಮೇಲಿದ್ದ ವಿಗ್‌ಗೆ ಬೆಳಕು ಕಟ್ಟಿದ್ರಿ. ಸ್ವಲ್ಪ ಗಲ್ಲ ಎತ್ತಿ ತಾಯೀ ಅಂದ್ರಿ ಅದಕ್ಕೆ."

ಛಾಯಣ್ಣನ ನಗು ಅಲ್ಲೇ ನಿಂತಿತು. "ಅಂದ್ರೆ ನಿಮಗೆ ಗೊತ್ತಿತ್ತು."

ರಾಣಿಯಮ್ಮ ಟವೆಲನ್ನು ಇನ್ನಷ್ಟು ಬಿಗಿಯಾಗಿ ಸುತ್ತಿಕೊಂಡಳು.

"ನನಗೆ ಕಣ್ಣು ಕಾಣ್ತಿಲ್ಲ ಅಂತ ಗೊತ್ತಿದ್ದೂ ಹೇಳ್ಲಿಲ್ಲ."

"ಹೇಳಿದ್ರೆ ನೀವು ಆಪರೇಷನ್ ಮಾಡಿಸ್ಕೊಂಡು ಬರ್ತಿದ್ರಿ" ಎಂದಳು ರಾಣಿಯಮ್ಮ. "ನೀವು ಹಾಕಿಸ್ತಿದ್ದ ದೀಪಗಳ ಎದುರಿಗೆ ಒಂದು ಸುಕ್ಕೂ ಕಾಣ್ತಿರ್ಲಿಲ್ಲ ಛಾಯಣ್ಣ. ಮುಖ ಪಿಂಗಾಣಿ ತಟ್ಟೆ ಹಾಗಿತ್ತು. ಸತ್ತವಳ ಹಾಗೆ ಕಾಣ್ತಿದ್ದೆ, ನಿಜ. ಆದ್ರೆ ಚಿಕ್ಕ ವಯಸ್ಸಲ್ಲಿ ಸತ್ತವಳ ಹಾಗೆ ಕಾಣ್ತಿದ್ದೆ."

ಛಾಯಣ್ಣನಿಗೆ ಸಿಟ್ಟು ನೆತ್ತಿಗೇರಿತು. "ನಾನು ಮೆಟ್ಟಿಲು ಕಾಣದೆ ಬಿದ್ದು ಸೊಂಟ ಮುರ್ಕೊಂಡಿದ್ರೆ? ರಸ್ತೇಲಿ ಲಾರಿಗೆ ಸಿಕ್ಕಿದ್ರೆ?"

"ಅಷ್ಟು ದೂರ ಯೋಚನೆ ಮಾಡ್ಲಿಲ್ಲ."

"ನಿಮ್ಮ ಮುಖದ ಆಚೆ ನೀವು ಯಾವತ್ತು ಯೋಚನೆ ಮಾಡಿದೀರಿ!"

ಬಾಗಿಲು ಧಡಾರನೆ ಹಾಕಿ ಇಳಿದು ಬಂದ. ಇಷ್ಟು ವರ್ಷಗಳಲ್ಲಿ ಅವರಿಬ್ಬರೂ ದೀಪಕ್ಕೆ ಜಗಳವಾಡಿದ್ದರು, ಗಲ್ಲಕ್ಕೆ ಜಗಳವಾಡಿದ್ದರು, ಅವಳ ಮೂಗಿನ ನೆರಳಿಗೆ ಒಂದು ವಾರ ಮಾತು ಬಿಟ್ಟಿದ್ದರು. ಇದು ಹಾಗಲ್ಲ. ಅವನು ಮೆಟ್ಟಿಲ ಮೇಲೆ ಸೊಸೆಯ ಪಕ್ಕದಲ್ಲಿ ಹೋಗಿ ಕೂತ. ಸೊಸೆ ಕಾದಂಬರಿಯ ಹಾಳೆ ಮಡಚಿ, "ಮೇಡಂ ನನ್ನ ಹೊರಗೆ ಹಾಕ್ತಾರಾ, ಇಲ್ಲಾ ಊಟಕ್ಕೆ ಹೋಗ್ಲಾ?" ಎಂದಳು.

ಅಷ್ಟರಲ್ಲಿ ನಿರ್ದೇಶಕ ಮತ್ತೆ ಓಡಿಬಂದ. ಈ ಸಲ ಅವನ ಮುಖದಲ್ಲಿ ಸ್ಫೂರ್ತಿ ಇತ್ತು. "ಸಾರ್, ಪರಿಹಾರ ಸಿಕ್ತು. ಅಡುಗೆಮನೇಲಿ ಗ್ಯಾಸ್ ಸ್ಫೋಟ. ಅತ್ತೆ ಮುಖಕ್ಕೆ ಪೂರ್ತಿ ಬ್ಯಾಂಡೇಜ್. ಒಳಗೆ ಯಾರು ಮಲಗಿದ್ರೂ ಆಗತ್ತೆ. ಮೇಡಂ ಆಮೇಲೂ ಬರದಿದ್ರೆ ಬ್ಯಾಂಡೇಜ್ ಬಿಚ್ಚುವಾಗ ಪ್ಲಾಸ್ಟಿಕ್ ಸರ್ಜರಿ, ಹೊಸ ಮುಖ. ಚಾನೆಲ್‌ಗೂ ಹೇಳ್ದೆ. ಅವರಿಗೆ ಬಹಳ ಹಿಡಿಸ್ತು. ಬ್ಯಾಂಡೇಜಿಗೆ ಪ್ರಾಯೋಜಕರೂ ಸಿಗಬಹುದಂತೆ."

ಛಾಯಣ್ಣ ಅವನನ್ನೇ ನೋಡಿದ. ಅವಳ ಮೇಲಿನ ಸಿಟ್ಟು ಇನ್ನೂ ಬಿಸಿಯಾಗಿಯೇ ಇತ್ತು. ಆದರೆ ಈ ಓಡುವ ಮನುಷ್ಯ ಆ ಮುಖಕ್ಕೆ ಬಟ್ಟೆ ಸುತ್ತುತ್ತೇನೆ ಎಂದಾಗ ಬೇರೊಂದು ಸಿಟ್ಟು ಎದ್ದು ಮೊದಲಿನದನ್ನು ಪಕ್ಕಕ್ಕೆ ತಳ್ಳಿತು. ಆ ಮುಖದ ಮೇಲೆ ಬೆಳಕು ಎಲ್ಲಿಂದ ಬೀಳಬೇಕು ಎಂದು ಯೋಚಿಸುತ್ತಲೇ ಅವನ ಕೂದಲು ಉದುರಿತ್ತು.

"ಅವರ ಮುಖಕ್ಕೆ ಬ್ಯಾಂಡೇಜ್ ಸುತ್ತೋದಾದ್ರೆ ಕ್ಯಾಮೆರಾಕ್ಕೂ ಒಂದು ಸುತ್ತಿ, ನಾನು ಮನೆಗೆ ಹೋಗ್ತೀನಿ" ಎಂದು ಎದ್ದ.

ಮತ್ತೆ ವ್ಯಾನಿಗೆ ಹೋದ. ಬಾಗಿಲು ತಟ್ಟಲಿಲ್ಲ, ಹೊರಗೆ ನಿಂತೇ ಕೂಗಿ ಹೇಳಿದ. "ತಾಯೀ, ನಿಮ್ಮ ಜೊತೆ ಮಾತು ಬಿಟ್ಟಿದೀನಿ, ಆದ್ರೂ ಒಂದು ವಿಷಯ ತಿಳಿಸ್ತೀನಿ. ನಿಮಗೆ ಗ್ಯಾಸ್ ಸ್ಫೋಟ ಮಾಡಿಸ್ತಾರಂತೆ. ಬ್ಯಾಂಡೇಜ್ ಬಿಚ್ಚಿದಾಗ ಬೇರೆಯವರ ಮುಖ ಬರತ್ತಂತೆ. ಪ್ರಾಯೋಜಕರೂ ಇದಾರಂತೆ."

ಚಿಲಕ ಎಷ್ಟು ಜೋರಾಗಿ ಸರಿಯಿತೆಂದರೆ ವ್ಯಾನ್ ಅಲುಗಾಡಿತು. ಕಪ್ಪು ಕನ್ನಡಕ ಇರಲಿಲ್ಲ, ಟವೆಲ್ ಹೆಗಲ ಮೇಲೆ ಜಾರಿತ್ತು, ಮುಖಕ್ಕೆ ಇನ್ನೂ ಬಣ್ಣ ಹಚ್ಚಿರಲಿಲ್ಲ. "ಯಾರ ಮುಖ?"

"ಗೊತ್ತಿಲ್ಲ. ನಿಮ್ಮದಲ್ಲ."

ರಾಣಿಯಮ್ಮ ಅಂಗಳ ದಾಟಿ ಸೆಟ್ಟಿನ ಕಡೆ ನಡೆದಳು. ಛಾಯಣ್ಣ ಹಿಂದೆಯೇ ನಡೆದ. ನಿರ್ದೇಶಕ ಎದುರಿಗೆ ಓಡಿಬರುತ್ತಿದ್ದವನು ಅವಳನ್ನು ಕಂಡು ಬಂದ ದಾರಿಯಲ್ಲೇ ಓಡಿದ. ಸೆಟ್ಟಿನ ನಡುವೆ, ತಾನು ದಿನವೂ ಕೂರುವ ದೊಡ್ಡ ಕುರ್ಚಿಯ ಹತ್ತಿರ ಅವಳು ನಿಂತಳು. ಛಾಯಣ್ಣ ನೋಡಿದ. ಹಗಲಿನಲ್ಲಿ, ಹೊಸ ಕಣ್ಣಿನಲ್ಲಿ, ಹತ್ತಿರದಿಂದ. ಕಣ್ಣ ಕೆಳಗೆ ಎರಡು ಚೀಲ, ಹಣೆಯ ಮೇಲೆ ಗೆರೆಗಳು, ಬಾಯಿಯ ಎರಡೂ ಕಡೆ ಇಳಿದ ಮಡಿಕೆ. ಬಲಗೆನ್ನೆಯ ಮೇಲೆ ಒಂದು ಹಳೆಯ ಸಣ್ಣ ಗಾಯದ ಕಲೆ. ಅದಿದ್ದದ್ದನ್ನೇ ಅವನು ಮರೆತಿದ್ದ.

"ನೋಡಿದ್ರಾ?" ಎಂದಳು.

"ನೋಡ್ದೆ."

"ಹೇಳಿ ಮತ್ತೆ."

"ವಯಸ್ಸಾಗಿದೆ" ಎಂದ ಛಾಯಣ್ಣ.

ಸೊಸೆ ಸೂಟ್‌ಕೇಸನ್ನು ಎದೆಗವಚಿಕೊಂಡಳು.

"ಸರಿ" ಎಂದಳು ರಾಣಿಯಮ್ಮ. "ಈಗ ನೀವು ಕೂತ್ಕೊಳ್ಳಿ ಇಲ್ಲಿ. ಇಷ್ಟು ವರ್ಷ ನಿಮ್ಮ ದೀಪ ನನ್ನ ಕಣ್ಣಿಗೇ ಹೊಡೀತಿತ್ತು. ದೀಪದ ಹಿಂದೆ ಒಂದು ಹೊಟ್ಟೆ ಇರುವ ಕಪ್ಪು ಆಕೃತಿ ಓಡಾಡೋದು ಬಿಟ್ರೆ ನಾನು ಏನೂ ನೋಡಿಲ್ಲ. ಕೂತ್ಕೊಳ್ಳಿ!"

ಛಾಯಣ್ಣ ಕೂತ. ಅವಳೇ ಹೋಗಿ ಎದುರಿನ ದೊಡ್ಡ ದೀಪ ಹಾಕಿಸಿದಳು. ಬೆಳಕು ಮುಖಕ್ಕೆ ಹೊಡೆದಾಗ ಛಾಯಣ್ಣನಿಗೆ ಜಗತ್ತೇ ಮಾಯವಾಯಿತು. ಹೊಸ ಕಣ್ಣಿನಲ್ಲಿ ನೀರು ಸುರಿಯಿತು. ಎಲ್ಲರೂ ತನ್ನನ್ನು ನೋಡುತ್ತಿದ್ದಾರೆ, ತನಗೆ ಯಾರೂ ಕಾಣುತ್ತಿಲ್ಲ. ಕೈಯನ್ನು ಎಲ್ಲಿಡಬೇಕೆಂದು ತಿಳಿಯದೆ ಮೊದಲು ತೊಡೆಯ ಮೇಲಿಟ್ಟ, ಆಮೇಲೆ ಕಂಕುಳಲ್ಲಿ ಸಿಕ್ಕಿಸಿಕೊಂಡ.

ರಾಣಿಯಮ್ಮ ಕ್ಯಾಮೆರಾದ ಹಿಂದೆ ನಿಂತು ಮಾನಿಟರ್ ನೋಡಿದಳು. ಬಹಳ ಹೊತ್ತು ನೋಡಿದಳು. "ಅಯ್ಯಯ್ಯೋ" ಎಂದಳು ಕೊನೆಗೆ. "ಛಾಯಣ್ಣ, ನೀವು ಯಾವಾಗ ಇಷ್ಟು ಮುದುಕ ಆದ್ರಿ? ಕಿವಿಯಿಂದ ಕೂದಲು ಬಂದಿದೆ. ನನಗೆ ಇಷ್ಟು ದಿನ ಬುದ್ಧಿ ಹೇಳಿದ್ದು ಈ ಮುಖಾನಾ?"

"ಇದೇ."

"ಎಡಗಡೆ ತಿರುಗಿ. ಹಾಂ. ಬಲಗಡೆ. ಯಾವ ಕಡೆನೂ ಪ್ರಯೋಜನ ಇಲ್ಲ."

ಮೊದಲು ನಕ್ಕದ್ದು ಸೊಸೆ. ಆಮೇಲೆ ಇಡೀ ಸೆಟ್ಟು ನಕ್ಕಿತು. ಛಾಯಣ್ಣ ಬೆಳಕಿನೊಳಗೇ ಕೂತು ಕಣ್ಣೀರು ಒರೆಸಿಕೊಳ್ಳುತ್ತಾ ನಕ್ಕ. ರಾಣಿಯಮ್ಮ ದೀಪ ಆರಿಸಿ ಹತ್ತಿರ ಬಂದು, ಇತರರಿಗೆ ಕೇಳದ ಹಾಗೆ, "ಹೇಳ್ಬೇಕಿತ್ತು ನಾನು. ತಪ್ಪಾಯ್ತು" ಎಂದಳು. ಅವಳ ಬಾಯಲ್ಲಿ ಆ ಮಾತನ್ನು ಅವನು ಸಿನಿಮಾದಲ್ಲೂ ಕೇಳಿರಲಿಲ್ಲ. ಅವಳ ಪಾತ್ರಗಳು ತಪ್ಪು ಒಪ್ಪಿಕೊಳ್ಳುವ ಮಾತುಗಳನ್ನು ಅವಳು ಸೆಟ್ಟಿನಲ್ಲೇ ಹೊಡೆದುಹಾಕಿಸುತ್ತಿದ್ದಳು.

ಅವತ್ತು ಮಧ್ಯಾಹ್ನ ಛಾಯಣ್ಣ ದೀಪಗಳನ್ನೆಲ್ಲ ತೆಗೆಸಿದ. ಸೆಟ್ಟಿನ ಕಿಟಕಿಯ ಆಚೆ ಒಂದೇ ಒಂದು ಬೆಳಕು ಇಟ್ಟು, ಅದರ ಮುಂದೆ ತೆಳುವಾದ ಬಿಳಿ ಬಟ್ಟೆ ಕಟ್ಟಿಸಿದ. ಕಿಟಕಿ ಇದ್ದದ್ದು ಬಲಗಡೆ.

"ಈ ಕಡೆಯಿಂದಾನಾ?" ಎಂದಳು ರಾಣಿಯಮ್ಮ.

"ಆ ಕಡೆ ನೋಡಿ ನೋಡಿ ನನಗೂ ಬೇಜಾರಾಗಿದೆ."

ದೃಶ್ಯದಲ್ಲಿ ಅವಳು ಅರಚಬೇಕಿತ್ತು. 'ತೊಲಗು ಈ ಮನೆಯಿಂದ' ಎಂದು ಮೆಟ್ಟಿಲ ಮೇಲಿನಿಂದ ಕೈ ತೋರಿಸಬೇಕಿತ್ತು. ಆ ಮೆತ್ತಗಿನ ಬೆಳಕಿನಲ್ಲಿ ಅರಚಿದರೆ ಅಸಭ್ಯವಾಗುತ್ತದೆ ಎಂದು ಅವಳಿಗೇ ಅನ್ನಿಸಿರಬೇಕು. ಕಿಟಕಿಯ ಹತ್ತಿರ ನಿಂತು, ಸೊಸೆಯನ್ನು ನೋಡದೆ, ಟೊಮೆಟೊ ತಾ ಎನ್ನುವಷ್ಟೇ ಸಣ್ಣ ದನಿಯಲ್ಲಿ, "ತೊಲಗು" ಎಂದಳು. ಸೊಸೆಗೆ ಈ ಸಲ ನಿಜಕ್ಕೂ ಹೋಗಬೇಕಾಗುತ್ತದೆ ಎನ್ನಿಸಿತೋ ಏನೋ, ಸೂಟ್‌ಕೇಸ್ ಮರೆತು ಹೊರಟುಬಿಟ್ಟಳು. ನಿರ್ದೇಶಕ ಕಟ್ ಹೇಳುವುದನ್ನೂ ಮರೆತ. ಮೂಲೆಯಲ್ಲಿ ಯಾರೋ ಮೂಗು ಏರಿಸಿದ ಸದ್ದು ಕೇಳಿತು. ಛಾಯಣ್ಣ ಕ್ಯಾಮೆರಾದಿಂದ ಕಣ್ಣು ತೆಗೆಯದೆ ಹಾಗೇ ನಿಂತಿದ್ದ.

"ಬಂತಾ?" ಎಂದಳು ರಾಣಿಯಮ್ಮ.

"ಬಂತು" ಎಂದ. ಈ ಸಲ ಖಾತ್ರಿಯಿತ್ತು.

ಆ ಕಂತು ಪ್ರಸಾರವಾದ ಮರುದಿನ ಚಾನೆಲ್ಲಿನ ಫೋನುಗಳು ಬಿಡುವಿಲ್ಲದೆ ಬಡಿದುಕೊಂಡವು. ಅತ್ತೆಗೆ ಹುಷಾರಿಲ್ಲವೇ ಎಂದು ಕೆಲವರು ಕೇಳಿದರು. ಅತ್ತೆಯನ್ನು ಬದಲಾಯಿಸಿದ್ದೀರಾ, ಹೊಸಬರು ಚೆನ್ನಾಗಿ ಮಾಡುತ್ತಾರೆ ಎಂದು ಕೆಲವರು ಮೆಚ್ಚಿದರು. ಮನೆಗೆ ಸುಣ್ಣ ಬಣ್ಣ ಮಾಡಿಸಿದ್ದು ಒಳ್ಳೆಯದಾಯಿತು ಎಂದು ಒಬ್ಬ ವೃದ್ಧರು ಅಭಿನಂದಿಸಿದರು. ಪತ್ರಿಕೆಯ ವಿಮರ್ಶಕ ಮಾತ್ರ ಕೆಂಡಾಮಂಡಲನಾದ. ನೀಲಿಯನ್ನು ಕೈಬಿಟ್ಟು ಛಾಯಾಗ್ರಾಹಕರು ಜನಪ್ರಿಯತೆಗೆ ಶರಣಾಗಿದ್ದಾರೆ, ದಾರ್ಶನಿಕನೊಬ್ಬನನ್ನು ಕಳೆದುಕೊಂಡೆವು ಎಂದು ಬರೆದ. ಹೆಂಡತಿ ಅದನ್ನು ಗಟ್ಟಿಯಾಗಿ ಓದಿ, "ಆ ದಾರ್ಶನಿಕನ್ನ ಆಸ್ಪತ್ರೆಯವರು ಹತ್ತಿಗೆ ಒರೆಸಿ ಬುಟ್ಟಿಗೆ ಹಾಕಿದ್ರು ಅಂತ ಬರೆದು ಕಳಿಸ್ಲಾ?" ಎಂದಳು.

ಚಾನೆಲ್‌ನವರು ವಿಮರ್ಶಕನ ಮಾತನ್ನೇ ನಂಬಿದರು. ಪ್ರಶಸ್ತಿ ತಂದ ನೀಲಿ ವಾಪಸ್ ಬೇಕು ಎಂದರು. ಛಾಯಣ್ಣ ವಿಷಯವನ್ನು ಇದ್ದದ್ದು ಇದ್ದ ಹಾಗೆ ಹೇಳಿದ. ಅದು ಪೊರೆ, ಈಗ ಇಲ್ಲ, ಬೇಕಾದರೆ ಬೇರೆ ಪೊರೆ ಇರುವವರನ್ನು ಹುಡುಕಿಕೊಳ್ಳಿ. ಅವರು ತಮಾಷೆ ಎಂದುಕೊಂಡು ನಕ್ಕರು, ಮುಂದಿನ ತಿಂಗಳು ದೊಡ್ಡ ಹೂಗುಚ್ಛ ಕೊಟ್ಟು ಅವನನ್ನು ಕಳಿಸಿಕೊಟ್ಟರು. ಕಲರಿಸ್ಟ್ ತನ್ನ ಕಂಪ್ಯೂಟರಿನಲ್ಲಿ ಆ ಹಳೆಯ ಬಣ್ಣವನ್ನು 'ಛಾಯಣ್ಣ ಬ್ಲೂ' ಎಂಬ ಹೆಸರಿನಲ್ಲಿ ಉಳಿಸಿಟ್ಟಿದ್ದಳು. ಗುಂಡಿ ಒತ್ತಿದರೆ ಸಾಕು, ಯಾವ ಮದುವೆಯೂ ಶವಯಾತ್ರೆಯಾಗುತ್ತಿತ್ತು. ಅದು ಬೇರೆ ಸೀರಿಯಲ್ಲುಗಳಿಗೂ ಹರಡಿತು, ಆಮೇಲೆ ಜಾಹೀರಾತಿಗೆ, ಮಸಾಲೆ ಪುಡಿಯ ಒಂದು ಜಾಹೀರಾತಿಗೂ. ಆ ಜಾಹೀರಾತು ಟೀವಿಯಲ್ಲಿ ಬಂದಾಗಲೆಲ್ಲ ಛಾಯಣ್ಣ, "ನನ್ನ ಪೊರೆ ನನಗಿಂತ ಚೆನ್ನಾಗಿ ದುಡೀತಿದೆ ನೋಡೇ" ಎನ್ನುತ್ತಿದ್ದ.

ರಾಣಿಯಮ್ಮ ಸೀರಿಯಲ್ ಬಿಡಲಿಲ್ಲ. "ನೀವು ಹೋದ್ರಿ ಅಂತ ನಾನು ಹೋಗಕ್ಕಾಗತ್ತಾ? ಸೊಸೆ ಮತ್ತೆ ಮನೆಗೆ ಬಂದಿದಾಳೆ, ಹೊರಗೆ ಹಾಕೋರು ಯಾರು?" ಎಂದು ಫೋನಿನಲ್ಲಿ ನೇರವಾಗಿಯೇ ಹೇಳಿದಳು. ಛಾಯಣ್ಣನಿಗೆ ಸ್ವಲ್ಪ ಬೇಸರವಾಯಿತು, ಆದರೆ ಸುಳ್ಳು ಹೇಳಲಿಲ್ಲವಲ್ಲ ಎಂದು ಸಮಾಧಾನವೂ ಆಯಿತು. ಎರಡನೆಯ ಕಣ್ಣಿಗೂ ಆಪರೇಷನ್ ಮಾಡಿಸಿಕೊಂಡ. ಹೆಂಡತಿಯ ಬಿಳಿ ಕೂದಲಿಗೆ ಬೆಳಗಿನ ಬಿಸಿಲು ಹಿಂದಿನಿಂದ ಬಿದ್ದರೆ ಹೇಗೆ ಕಾಣುತ್ತದೆ ಎಂದು ಫೋಟೊ ತೆಗೆದು ತೋರಿಸಿದ. ಅವಳು ಅದನ್ನು ಎಲ್ಲ ನೆಂಟರಿಗೂ ಕಳಿಸಿ, ಮನೆಯಲ್ಲಿ ಕಾಫಿ ಮತ್ತೆ ಧಾರಾಳವಾಗಿ ಹರಿಯುವಂತೆ ಮಾಡಿದಳು.

ಬೇಸಿಗೆ ಮುಗಿಯುವ ಹೊತ್ತಿಗೆ ಒಬ್ಬ ಹೊಸ ನಿರ್ದೇಶಕಿ ಮನೆಗೆ ಬಂದಳು. ಅವಳು ಆ 'ತೊಲಗು' ಕಂತನ್ನು ನೋಡಿದ್ದಳು. ಬಸ್ ಓಡಿಸಿ ನಿವೃತ್ತಳಾದ ಹೆಂಗಸೊಬ್ಬಳ ಕಥೆ, ಸಣ್ಣ ಸಿನಿಮಾ, ಸೀರಿಯಲ್ಲಿಗೆ ರಜೆ ಇರುವ ದಿನಗಳಲ್ಲಿ ರಾಣಿಯಮ್ಮ ಬರುತ್ತಾಳೆ, ಕ್ಯಾಮೆರಾಕ್ಕೆ ನೀವು ಎಂದಳು. ಛಾಯಣ್ಣ ಗತ್ತಿನಿಂದ ಯೋಚಿಸಿ ಹೇಳುತ್ತೇನೆ ಎನ್ನುವಷ್ಟರಲ್ಲಿ ಹೆಂಡತಿ ಒಳಗಿನಿಂದ, "ಬರ್ತಾರೆ ಬರ್ತಾರೆ, ಮನೇಲಿದ್ದು ನನ್ನ ಅಡುಗೆಗೆ ಬೆಳಕು ಕಟ್ತಿದಾರೆ" ಎಂದಳು.

ಮೊದಲ ದಿನದ ಚಿತ್ರೀಕರಣ ಹಳೆಯ ಬಸ್ ಡಿಪೋವೊಂದರ ಅಂಗಳದಲ್ಲಿತ್ತು. ರಾಣಿಯಮ್ಮ ಖಾಕಿ ಅಂಗಿ ಹಾಕಿ ತಯಾರಾದಳು, ಕ್ಯಾಮೆರಾ ತಯಾರಾಯಿತು, ಆಗ ಸೂರ್ಯನಿಗೆ ಅಡ್ಡವಾಗಿ ಒಂದು ದಪ್ಪ ಮೋಡ ಬಂದು ಕೂತಿತು. ನಿರ್ದೇಶಕಿ ಚಡಪಡಿಸಿದಳು. ಛಾಯಣ್ಣ ಎರಡು ಕುರ್ಚಿ ಹಾಕಿಸಿ ಒಂದರಲ್ಲಿ ಕೂತ, ಇನ್ನೊಂದರಲ್ಲಿ ರಾಣಿಯಮ್ಮ ಕೂತು ಕಿತ್ತಳೆ ಹಣ್ಣು ಸುಲಿಯತೊಡಗಿದಳು.

"ಎಷ್ಟು ಹೊತ್ತಾಗತ್ತೆ?" ಎಂದಳು.

"ನನ್ನ ಕೇಳಿದ್ರೆ? ಆ ಮೋಡ ಬೇರೆ ಕಂಪನಿ ಕಲಾವಿದ."

"ಸರಿಯಾಗಿ ನೋಡಿ ಹೇಳಿ, ಎರಡೂ ಕಣ್ಣು ಹೊಸದಲ್ವಾ?"

ಛಾಯಣ್ಣ ಹಣೆಗೆ ಕೈ ಅಡ್ಡ ಹಿಡಿದು ಮೋಡದ ಅಂಚನ್ನು ನೋಡಿದ. ಗಾಳಿ ಇರಲಿಲ್ಲ. "ಅರ್ಧ ಹಣ್ಣು ಇತ್ಲಾಗೆ ಕೊಡಿ" ಎಂದ.